ನೀಲಿ ಬಾಲದ ಹೆಣ್ಣು

ನನ್ನ ಕೆರೆ ನೋಟ್‌ಬುಕ್ಕಿನ ಒಂದು ಪುಟವನ್ನು ನಾನು ಆಗಾಗ ತೆಗೆದು ನೋಡುತ್ತೇನೆ. ಮೇಲೆ ‘ಕುಕ್ಕರಹಳ್ಳಿ ಕೆರೆ, ಬೆಳಿಗ್ಗೆ ಎಂಟು, ಜೊಂಡಿನ ಪಕ್ಕ’ ಅಂತ ಇದೆ. ಕೆಳಗೆ ‘ಗಂಡು 11, ಹೆಣ್ಣು 2’. ಆ 11ರ ಸುತ್ತ ಕೆಂಪು ಪೆನ್ನಿನಲ್ಲಿ ಒಂದು ಸುತ್ತು ಎಳೆದಿದ್ದೇನೆ. ಅದು ಆಮೇಲೆ ಎಳೆದದ್ದು.

ಎಣಿಸುತ್ತಿದ್ದದ್ದು ಏರೋಪ್ಲೇನ್ ಚಿಟ್ಟೆಗಳನ್ನು. ಅದರಲ್ಲೂ ಸಣ್ಣವು, ಕೂತಾಗ ರೆಕ್ಕೆ ಮಡಚಿ ಬೆನ್ನಿನ ಮೇಲೆ ಇಟ್ಟುಕೊಳ್ಳುವಂಥವು. ಇಂಗ್ಲಿಷಿನವರು ಡ್ಯಾಮ್ಸೆಲ್‌ಫ್ಲೈ ಅನ್ನುತ್ತಾರೆ. ನಮ್ಮೂರಿನ ಕಡೆ ದೊಡ್ಡದಕ್ಕೂ ಸಣ್ಣದಕ್ಕೂ ಒಂದೇ ಹೆಸರು. ಮೈ ಸೂಜಿಯಷ್ಟು ತೆಳ್ಳಗಿರುವುದರಿಂದ ನಾನು ಸೂಜಿಚಿಟ್ಟೆ ಅಂತ ಬರೆದುಕೊಳ್ಳುತ್ತೇನೆ. ಇಲ್ಲೂ ಹಾಗೇ ಕರೆಯುತ್ತೇನೆ. ಅವತ್ತು ನೋಡುತ್ತಿದ್ದದ್ದು ಇಶ್ನೂರಾ ಸೆನೆಗಲೆನ್ಸಿಸ್ ಎಂಬ ಜಾತಿ. ಆಫ್ರಿಕಾದಿಂದ ಜಪಾನಿನವರೆಗೂ ಇದೆ. ನಮ್ಮ ಕೆರೆ, ಗದ್ದೆ, ಕಾಲುವೆ ಬದಿಯಲ್ಲೂ ಮಾಮೂಲು. ಉದ್ದ 3 ಸೆಂಟಿಮೀಟರ್ ಆಸುಪಾಸು. ಗಂಡಿನ ಎದೆ ಹಸಿರು ಇಲ್ಲವೇ ನೀಲಿ, ಅದರ ಮೇಲೆ ಕಪ್ಪು ಪಟ್ಟೆ. ಬಾಲದ ತುದಿಯ ಹತ್ತಿರ ಕಣ್ಣು ಸೆಳೆಯುವ ನೀಲಿ. ಹೆಣ್ಣು ಎಳೆಯದಾಗಿದ್ದಾಗ ಕಿತ್ತಳೆ, ಬಲಿತ ಮೇಲೆ ಮಂಕಾದ ಹಸಿರುಗಂದು. ಹಾಗಾಗಿ ನೀಲಿ ಬಾಲ ಕಂಡರೆ ಗಂಡು, ಕಾಣದಿದ್ದರೆ ಹೆಣ್ಣು. ಎರಡು ತಿಂಗಳು ಹೀಗೇ ಎಣಿಸಿದ್ದೆ.

ಆ ಸಾಲು ಬರೆದು ಅರ್ಧ ಗಂಟೆ ಆಗಿರಬೇಕು. ಒಂದು ನೀಲಿ ಬಾಲದ ‘ಗಂಡು’ ಬಂದು ತೇಲುತ್ತಿದ್ದ ಎಲೆಯ ಅಂಚಿನಲ್ಲಿ ಕೂತಿತು. ಸುತ್ತ ಬೇರೆ ಯಾವುದೂ ಇರಲಿಲ್ಲ. ಬಾಲವನ್ನು ಬಿಲ್ಲಿನ ಹಾಗೆ ಬಗ್ಗಿಸಿತು. ತುದಿಯನ್ನು ಎಲೆಗೆ ಒತ್ತಿತು. ಸ್ವಲ್ಪ ಸರಿದು ಮತ್ತೆ ಒತ್ತಿತು. ಮತ್ತೆ ಸರಿಯಿತು. ನಾನು ಉಸಿರು ಹಿಡಿದು ಬೈನಾಕ್ಯುಲರ್ ಸರಿ ಮಾಡಿಕೊಂಡೆ. ಅದು ಮೊಟ್ಟೆ ಇಡುತ್ತಿತ್ತು.

ನನ್ನ ಹನ್ನೊಂದರಲ್ಲಿ ಹೆಣ್ಣುಗಳೆಷ್ಟು? ಅವತ್ತಿನದ್ದು ಬಿಡಿ, ಆ ಎರಡು ತಿಂಗಳ ಲೆಕ್ಕದಲ್ಲಿ ಎಷ್ಟು?

ಮನೆಗೆ ಬಂದು ಹುಡುಕಿದಾಗ ಸಿಕ್ಕ ಪದ ಆಂಡ್ರೋಮಾರ್ಫ್. ಗಂಡಿನ ರೂಪದಲ್ಲಿರುವ ಹೆಣ್ಣು ಅಂತ ಅರ್ಥ. ಮಂಕು ಬಣ್ಣದ, ನಾವು ‘ಮಾಮೂಲಿ ಹೆಣ್ಣು’ ಅಂದುಕೊಳ್ಳುವ ರೂಪಕ್ಕೆ ಗೈನೋಮಾರ್ಫ್ ಅನ್ನುತ್ತಾರೆ. ಒಂದೇ ಜಾತಿ, ಒಂದೇ ಕೆರೆ, ಎರಡು ಬಗೆಯ ಹೆಣ್ಣು. ಆಂಡ್ರೋಮಾರ್ಫ್‌ಗೆ ಯಾವ ಕಾಯಿಲೆಯೂ ಇಲ್ಲ. ಹಾರ್ಮೋನಿನ ಏರುಪೇರೂ ಅಲ್ಲ. ಅದು ಎಲ್ಲ ಹೆಣ್ಣುಗಳಂತೆ ಕೂಡುತ್ತದೆ, ಮೊಟ್ಟೆ ಇಡುತ್ತದೆ. ಬಣ್ಣ ಮಾತ್ರ ಗಂಡಿನದ್ದು.

ಹಾಗೆ ಬರೆಯುವಾಗಲೇ ನನ್ನ ಕೈ ನಿಂತಿತು. ‘ಗಂಡಿನ ಬಣ್ಣ’ ಅಂತ ಬರೆದೆನಲ್ಲ. ಅದು ಗಂಡಿನದ್ದು ಅಂತ ಯಾರು ಹೇಳಿದ್ದು?

ಪದವನ್ನು ಬಿಡಿಸಿ ನೋಡೋಣ. ಗ್ರೀಕಿನಲ್ಲಿ ‘ಅನೇರ್’ ಅಂದರೆ ಗಂಡಸು. ವಿಭಕ್ತಿ ಸೇರಿದರೆ ‘ಆಂಡ್ರೋಸ್’ ಆಗುತ್ತದೆ. ‘ಮಾರ್ಫೆ’ ಅಂದರೆ ಆಕಾರ, ರೂಪ. ಇದರ ಬಂಧುಗಳು ನಮಗೆ ಹೊಸಬರೇನಲ್ಲ. ಜೇಬಿನಲ್ಲಿರುವ ಆಂಡ್ರಾಯ್ಡ್ ಫೋನಿನ ಹೆಸರಿಗೂ ಇದೇ ಬೇರು, ಗಂಡಸಿನಂತೆ ಇರುವುದು ಅಂತ. ಪಿಯುಸಿಯಲ್ಲಿ ಹೂವನ್ನು ಸೀಳಿ ಕೇಸರಗಳನ್ನು ಎಣಿಸಿದವರಿಗೆ ಆಂಡ್ರೀಸಿಯಂ ನೆನಪಿರುತ್ತದೆ. ಜೀವಿಗಳಿಗೆ ಹೆಸರಿಟ್ಟ ಸ್ವೀಡನ್ನಿನ ವಿಜ್ಞಾನಿ ಲಿನೇಯಸ್ ಗಿಡಗಳನ್ನು ವಿಂಗಡಿಸಿದ್ದೇ ಕೇಸರಗಳನ್ನು ಎಣಿಸಿ. ಒಂದು ಕೇಸರ ಇದ್ದರೆ ಮೊನಾಂಡ್ರಿಯಾ, ಎರಡಿದ್ದರೆ ಡೈಆಂಡ್ರಿಯಾ. ಒಬ್ಬ ಗಂಡ, ಇಬ್ಬರು ಗಂಡಂದಿರು. ಯಾಕೆಂದರೆ ‘ಅನೇರ್’ಗೆ ಗಂಡ ಅನ್ನುವ ಅರ್ಥವೂ ಇದೆ.

ಇಲ್ಲಿ ನನಗೆ ಕನ್ನಡ ಎದುರಿಗೆ ಬಂದು ನಿಂತ ಹಾಗಾಯಿತು. ನಮ್ಮಲ್ಲೂ ಗಂಡು, ಗಂಡ ಒಂದೇ ಬೇರಿನವು. ಅಷ್ಟೇ ಅಲ್ಲ, ಹಳೆಯ ಶಾಸನಗಳಲ್ಲಿ ಗಂಡ ಅಂದರೆ ಶೂರ. ವಿಜಯನಗರದ ಅರಸರಿಗೆ ‘ಮೂರು ರಾಯರ ಗಂಡ’ ಎಂಬ ಬಿರುದಿತ್ತು. ಗ್ರೀಕರೂ ಧೈರ್ಯಕ್ಕೆ ಇಟ್ಟ ಹೆಸರು ‘ಆಂಡ್ರೇಯಾ’, ಅದೇ ಅನೇರ್‌ನಿಂದ ಬಂದದ್ದು. ನಾವು ಗಂಡೆದೆ ಅನ್ನುತ್ತೇವಲ್ಲ, ಹಾಗೆ. ಎಲ್ಲಿಯ ಗ್ರೀಸು, ಎಲ್ಲಿಯ ಹಂಪಿ. ಆದರೂ ಎರಡೂ ಕಡೆ ಒಂದೇ ಪದದೊಳಗೆ ಗಂಡಸು, ಗಂಡ, ಶೂರ ಮೂವರೂ ಕೂತಿದ್ದಾರೆ.

ಕನ್ನಡದಲ್ಲಿ ಗಂಡು ಸೇರಿದರೆ ಸಾಮಾನ್ಯವಾಗಿ ಹೊಗಳಿಕೆ. ಗಂಡುಗಲಿ, ಗಂಡುಮೆಟ್ಟಿದ ನಾಡು. ಯಕ್ಷಗಾನ ಗಂಡುಕಲೆ. ಒಂದೇ ಒಂದು ಕಡೆ ಅದು ಬೈಗುಳವಾಗುತ್ತದೆ, ಹೆಣ್ಣಿಗೆ ಅಂಟಿಸಿದಾಗ. ಗಂಡುಬೀರಿ.

ಆ ಪದ ನನಗೆ ಎಂಟು ವರ್ಷಕ್ಕೇ ಬಂತು. ತಿಪಟೂರಿನ ಹತ್ತಿರದ ಊರು. ಬೇಸಿಗೆಯಲ್ಲಿ ಅಜ್ಜಿ ಮನೆಗೆ ಹೋದರೆ ಹುಣಸೆ ಮರ, ಕಟ್ಟೆ, ತೋಟದ ಬಾವಿ, ಎಲ್ಲ ಕಡೆ ನಾನಿರುತ್ತಿದ್ದೆ. ಬೆರಳು ಬಾಯಲ್ಲಿಟ್ಟು ಜೋರಾಗಿ ಸಿಳ್ಳೆ ಹೊಡೆಯುವುದನ್ನು ಕಲಿತಿದ್ದೆ. ಅದೇ ಬೇಸಿಗೆಯಲ್ಲಿ ಮನೆಯ ಒಂದು ಮುದಿ ಹೇಂಟೆ ಹುಂಜದಂತೆ ಕೂಗಿತು. ಅದರ ಜುಟ್ಟು ಕೆಲವು ವಾರಗಳಿಂದ ಕೆಂಪಗೆ ದಪ್ಪ ಆಗುತ್ತಿದ್ದದ್ದನ್ನು ನಾನು ನೋಡಿದ್ದೆ. ಹೇಂಟೆ ಕೂಗಿದರೆ ಮನೆಗೆ ಕೇಡು ಅಂದರು. ಸಂಜೆಯೊಳಗೆ ಅದನ್ನು ಕೊಯ್ದರು. ರಾತ್ರಿ ಊಟಕ್ಕೆ ಕೂತಾಗ ಯಾರೋ ನನ್ನ ಕಡೆ ನೋಡಿ, ‘ಈ ಗಂಡುಬೀರೀನೂ ಹಂಗೇ ಸಿಳ್ಳೆ ಹೊಡೀತಾಳೆ’ ಅಂದರು. ಎಲ್ಲರೂ ನಕ್ಕರು. ನಾನು ಊಟ ಬಿಟ್ಟು ಎದ್ದೆ. ಮುಂದೆ ಎಷ್ಟೋ ವರ್ಷ ಸಿಳ್ಳೆ ಹೊಡೆಯಲಿಲ್ಲ.

ಆ ಹೇಂಟೆಗೆ ಏನಾಗಿತ್ತು ಅಂತ ತಿಳಿದದ್ದು ಕಾಲೇಜಿಗೆ ಬಂದ ಮೇಲೆ. ಕೋಳಿಯಲ್ಲಿ ಸಾಮಾನ್ಯವಾಗಿ ಎಡಗಡೆಯ ಒಂದೇ ಅಂಡಾಶಯ ಕೆಲಸ ಮಾಡುತ್ತದೆ. ವಯಸ್ಸಿನಿಂದಲೋ ಗಡ್ಡೆಯಿಂದಲೋ ಅದು ಕೆಟ್ಟರೆ ಈಸ್ಟ್ರೋಜನ್ ಎಂಬ ಹೆಣ್ಣು ಹಾರ್ಮೋನು ನಿಲ್ಲುತ್ತದೆ. ಆಗ ಜುಟ್ಟು ಬೆಳೆಯುತ್ತದೆ. ಮುಂದಿನ ಸಲ ಪುಕ್ಕ ಉದುರಿ ಹೊಸದು ಬಂದಾಗ ಹುಂಜದ ಪುಕ್ಕ ಬರುತ್ತದೆ. ಕೆಲವು ಕೂಗುತ್ತವೆ. ನಾವು ‘ಹುಂಜದ ಪುಕ್ಕ’ ಅಂತ ಕರೆಯುವುದು ಕೋಳಿಯ ಮೈ ತನ್ನಷ್ಟಕ್ಕೆ ತಾನು ಬೆಳೆದರೆ ಬರುವ ಪುಕ್ಕ. ಹೇಂಟೆಯ ಪುಕ್ಕ ಬರಬೇಕಾದರೆ ಈಸ್ಟ್ರೋಜನ್ ಬೇಕು. ಅಂದರೆ ಆ ಹೇಂಟೆ ಹುಂಜದಿಂದ ಏನನ್ನೂ ತೆಗೆದುಕೊಂಡಿರಲಿಲ್ಲ. ತನ್ನಲ್ಲಿದ್ದದ್ದನ್ನು ತಡೆಯುತ್ತಿದ್ದ ಒಂದು ವಸ್ತು ನಿಂತಿತ್ತು, ಅಷ್ಟೇ.

ಕೆರೆಗೆ ವಾಪಸ್ ಬರೋಣ. ಸೂಜಿಚಿಟ್ಟೆಯ ಕತೆ ಬೇರೆ ಥರದ್ದು.

ಈ ಹುಳಗಳ ಸಂಸಾರ ಸುಲಭದ್ದಲ್ಲ. ಗಂಡು ತನ್ನ ಬಾಲದ ತುದಿಯ ಇಕ್ಕಳದಿಂದ ಹೆಣ್ಣಿನ ಕತ್ತಿನ ಹಿಂಭಾಗ ಹಿಡಿದುಕೊಳ್ಳುತ್ತದೆ. ಹೆಣ್ಣು ಒಪ್ಪಿದರೆ ತನ್ನ ಬಾಲವನ್ನು ಮುಂದಕ್ಕೆ ಬಗ್ಗಿಸುತ್ತದೆ. ಎರಡೂ ಸೇರಿ ಹೃದಯದ ಆಕಾರ ಆಗುತ್ತದೆ. ಫೋಟೋ ತೆಗೆಯುವವರಿಗೆ ಅದು ಬಹಳ ಇಷ್ಟ. ಇಶ್ನೂರಾಗಳಲ್ಲಿ ಈ ಕೂಟ ಗಂಟೆಗಟ್ಟಲೆ ನಡೆಯುತ್ತದೆ. ಜೊನಾಥನ್ ವಾಗೆ ಎಂಬ ವಿಜ್ಞಾನಿ 1979ರಲ್ಲಿ ಇನ್ನೊಂದು ಜಾತಿಯ ಸೂಜಿಚಿಟ್ಟೆಯಲ್ಲಿ ತೋರಿಸಿದ ಹಾಗೆ, ಗಂಡು ತನ್ನ ವೀರ್ಯ ಕೊಡುವ ಮೊದಲು ಹಿಂದಿನ ಗಂಡಿನದ್ದನ್ನು ಕೆರೆದು ತೆಗೆಯುತ್ತದೆ. ಹಾಗಾಗಿ ಗಂಡುಗಳಿಗೆ ಪ್ರತಿ ಹೆಣ್ಣೂ ಯಾವಾಗಲೂ ಬೇಕು. ಹೆಣ್ಣಿಗೆ ಹಾಗಲ್ಲ. ಅದಕ್ಕೆ ಉಣ್ಣಬೇಕು, ಮೊಟ್ಟೆ ಇಡಬೇಕು. ಇಡೀ ಬೆಳಿಗ್ಗೆ ಗಂಡುಗಳು ಬೆನ್ನಟ್ಟಿದರೆ ಅದು ಯಾವಾಗ ಉಣ್ಣಬೇಕು?

1985ರಲ್ಲಿ ಹ್ಯೂ ರಾಬರ್ಟ್‌ಸನ್ ಅಮೆರಿಕದ ಇಶ್ನೂರಾ ರ‍್ಯಾಂಬುರಿ ಎಂಬ ಜಾತಿಯನ್ನು ನೋಡಿ, ಅಲ್ಲಿಯ ಆಂಡ್ರೋಮಾರ್ಫ್‌ಗಳು ಗಂಡಿನ ವೇಷ ಹಾಕಿ ಈ ಕಾಟದಿಂದ ಪಾರಾಗುತ್ತವೆ ಎಂದು ವಾದಿಸಿದರು. ಗಂಡು ದೂರದಿಂದ ನೀಲಿ ಬಾಲ ನೋಡುತ್ತದೆ. ಇದೂ ನನ್ನಂಥದ್ದೇ ಅಂದುಕೊಂಡು ಬಿಟ್ಟು ಹೋಗುತ್ತದೆ. ಕೇಳಲು ಬಹಳ ಚೆನ್ನಾಗಿದೆ, ಅಲ್ವಾ? ನನಗೂ ಮೊದಲು ಇದೇ ಪೂರ್ತಿ ಉತ್ತರ ಅನಿಸಿತ್ತು.

ಆದರೆ ಇನ್ನೊಂದು ವಿವರಣೆಯೂ ಇದೆ. ಓಲಾ ಫಿಂಕಿ ಮತ್ತು ಅವರ ಜೊತೆ ಕೆಲಸ ಮಾಡಿದವರು ಇದನ್ನು ಮುಂದಿಟ್ಟರು. ಗಂಡು ಹೆಣ್ಣನ್ನು ಗುರುತಿಸುವುದು ಹುಟ್ಟುಗುಣದಿಂದಲ್ಲ, ಅನುಭವದಿಂದ. ಯಾವ ಬಗೆಯ ಹೆಣ್ಣು ಕಣ್ಣಿಗೆ ಜಾಸ್ತಿ ಬೀಳುತ್ತದೋ ಅದನ್ನೇ ಹುಡುಕಲು ಕಲಿಯುತ್ತದೆ. ಕಡಿಮೆ ಇರುವ ಬಗೆ ಬಚಾವಾಗುತ್ತದೆ. ಬೆಲ್ಜಿಯಂನ ಹಾನ್ಸ್ ವಾನ್ ಗೋಸಮ್ ಮತ್ತು ಜೊತೆಗಾರರು 2001ರಲ್ಲಿ ಇದನ್ನು ಪ್ರಯೋಗ ಮಾಡಿ ನೋಡಿದರು. ಗಂಡುಗಳನ್ನು ಒಂದೇ ಬಗೆಯ ಹೆಣ್ಣುಗಳ ಜೊತೆ ಇಟ್ಟರೆ ಅವುಗಳ ಒಲವು ಆ ಕಡೆ ತಿರುಗಿತು. ಬಗೆಯನ್ನು ಬದಲಿಸಿದರೆ ಒಲವೂ ಬದಲಾಯಿತು.

ಈ ವಿವರಣೆಯಲ್ಲಿ ಹೆಣ್ಣು ಗಂಡನ್ನು ಹೋಲುವುದೇ ಮುಖ್ಯವಲ್ಲ. ಬೇರೆ ಹೆಣ್ಣುಗಳಿಗಿಂತ ಬೇರೆಯಾಗಿದ್ದರೆ ಸಾಕು. ಹಾಗಾದರೆ ಆಂಡ್ರೋಮಾರ್ಫ್ ಎಂಬ ಹೆಸರು ಯಾರ ಕಣ್ಣಿಂದ ಬಂತು? ಆ ಗಂಡು ಹುಳದ ಕಣ್ಣಿಂದಲೋ, ದಡದಲ್ಲಿ ಪುಸ್ತಕ ಹಿಡಿದು ನಿಂತ ನಮ್ಮ ಕಣ್ಣಿಂದಲೋ? ಹಳೆಯ ಬರಹಗಳಲ್ಲಿ ಇದೇ ಹೆಣ್ಣಿಗೆ ಐಸೋಕ್ರೋಮ್, ಹೋಮಿಯೋಕ್ರೋಮ್ ಎಂಬ ಹೆಸರುಗಳಿದ್ದವು. ಒಂದೇ ಬಣ್ಣ, ಹೋಲುವ ಬಣ್ಣ ಅಂತ. ಮಂಕು ಹೆಣ್ಣಿಗೆ ಹೆಟೆರೋಕ್ರೋಮ್, ಬೇರೆ ಬಣ್ಣ. ನನಗೆ ಆ ಹಳೆಯ ಹೆಸರುಗಳೇ ಹಿಡಿಸುತ್ತವೆ. ಅವು ಎರಡು ಬಣ್ಣ ಒಂದೇ ಥರ ಇವೆ ಅಂತಷ್ಟೇ ಹೇಳುತ್ತವೆ. ಯಾರು ಯಾರನ್ನು ನೋಡಿ ಹಾಕಿಕೊಂಡರು ಅಂತ ತೀರ್ಪು ಕೊಡುವುದಿಲ್ಲ.

ಇಷ್ಟು ಹೇಳಿದ ಮೇಲೆ ಇನ್ನೊಂದು ಮಾತನ್ನೂ ಹೇಳಲೇಬೇಕು. ಸೂಜಿಚಿಟ್ಟೆಯ ಮಟ್ಟಿಗೆ ಆಂಡ್ರೋಮಾರ್ಫ್ ಎಂಬ ಪದ ಚರಿತ್ರೆಯ ಪ್ರಕಾರ ತಪ್ಪಲ್ಲ. ಯುರೋಪಿನ ಇಶ್ನೂರಾ ಎಲೆಗನ್ಸ್ ಎಂಬ ಜಾತಿಯಲ್ಲಿ ಮೂರು ಬಗೆಯ ಹೆಣ್ಣುಗಳಿವೆ. ಈ ಭೇದ ಒಂದೇ ಜೀನ್ ನೆಲೆಯಿಂದ ಬರುತ್ತದೆ, ಆಂಡ್ರೋಮಾರ್ಫ್ ಗುಣವೇ ಪ್ರಬಲ, ಅಂದರೆ ತಂದೆತಾಯಿಯಲ್ಲಿ ಒಬ್ಬರಿಂದ ಬಂದರೂ ಅದೇ ಕಾಣಿಸುತ್ತದೆ. 2024ರಲ್ಲಿ ಪ್ರಕಟವಾದ ಒಂದು ಜೀನೋಮ್ ಅಧ್ಯಯನ ಅದರ ಜೊತೆಗೆ ನಮ್ಮ ಕೆರೆಯ ಸೆನೆಗಲೆನ್ಸಿಸ್ ಅನ್ನೂ ಇಟ್ಟು ನೋಡಿತು. ಈ ಎರಡು ಜಾತಿಗಳು ಬೇರೆಯಾಗಿ 50 ಲಕ್ಷ ವರ್ಷಕ್ಕೂ ಜಾಸ್ತಿ ಆಗಿದೆ. ಆದರೂ ಹೆಣ್ಣುಗಳ ಈ ಭೇದ ಎರಡರಲ್ಲೂ ಅದೇ ಜಾಗದಲ್ಲಿದೆ. ಮೊದಲಿಗೆ ಗಂಡು ಒಂದು ಬಣ್ಣ, ಹೆಣ್ಣು ಒಂದು ಬಣ್ಣ ಇತ್ತು. ನೀಲಿ ಬಾಲದ ಹೆಣ್ಣು ಆಮೇಲೆ ಬಂತು. ಇಲ್ಲಿ ಹೆಣ್ಣು ನಿಜಕ್ಕೂ ಗಂಡಿನ ಬಣ್ಣಕ್ಕೆ ಬಂದಳು.

ಈಗ ನಿಮ್ಮ ಹಿತ್ತಿಲಿಗೆ ಬನ್ನಿ. ನಿಂಬೆ ಗಿಡವೋ ಕರಿಬೇವೋ ಇದ್ದರೆ ಅದರ ಎಲೆಯ ಮೇಲೆ ಹಕ್ಕಿ ಹಿಕ್ಕೆಯಂಥ ಮರಿಹುಳು ನೋಡಿರುತ್ತೀರಿ. ಬೆಳೆದ ಮೇಲೆ ಹಸಿರಾಗುತ್ತದೆ, ಮುಟ್ಟಿದರೆ ಕೆಂಪು ಕೊಂಬು ಹೊರಗೆ ಹಾಕುತ್ತದೆ. ಅದು ಮುಂದೆ ಕಾಮನ್ ಮಾರ್ಮನ್ ಚಿಟ್ಟೆ ಆಗುವಂಥದ್ದು, ಪಪಿಲಿಯೋ ಪಾಲಿಟೆಸ್. ಗಂಡು ಕಪ್ಪು, ಹಿಂದಿನ ರೆಕ್ಕೆಯಲ್ಲಿ ಬಿಳಿ ಚುಕ್ಕೆಗಳ ಸಾಲು. ನಮ್ಮಲ್ಲಿ ಹೆಣ್ಣು ಮೂರು ಬಗೆ. ಒಂದು ಕಾಮನ್ ರೋಸ್ ಚಿಟ್ಟೆಯನ್ನು ಹೋಲುತ್ತದೆ. ಇನ್ನೊಂದು ಕ್ರಿಮ್ಸನ್ ರೋಸ್ ಚಿಟ್ಟೆಯನ್ನು. ಈ ರೋಸ್ ಚಿಟ್ಟೆಗಳು ಈಶ್ವರಿ ಬಳ್ಳಿ ತಿಂದು ಬೆಳೆದು ಮೈಯಲ್ಲಿ ವಿಷ ಇಟ್ಟುಕೊಂಡಿರುತ್ತವೆ. ಹಕ್ಕಿಗಳು ಅವನ್ನು ಮುಟ್ಟುವುದಿಲ್ಲ. ವಿಷವಿಲ್ಲದ ಮಾರ್ಮನ್ ಹೆಣ್ಣು ಅದೇ ಅಂಗಿ ಹಾಕಿಕೊಂಡು ಬದುಕುತ್ತದೆ. ಮೂರನೆಯ ಬಗೆಯ ಹೆಣ್ಣು ಹೆಚ್ಚುಕಡಿಮೆ ಗಂಡಿನ ಹಾಗೇ ಇದೆ. ಅದಕ್ಕೆ ಸೈರಸ್ ರೂಪ ಎಂದು ಹೆಸರು. ಪುಸ್ತಕಗಳಲ್ಲಿ ಅದನ್ನು ‘ಗಂಡಿನಂಥ ಹೆಣ್ಣು’ ಅಂತ ಬರೆಯುತ್ತಾರೆ.

ಈ ವೇಷಗಳು ಲಿನೇಯಸ್‌ನನ್ನೂ ಏಮಾರಿಸಿದ್ದವು. 1758ರಲ್ಲಿ ಅವನು ಈ ಒಂದೇ ಚಿಟ್ಟೆಗೆ ಪ್ಯಾಮನ್, ಪಾಲಿಟೆಸ್ ಎಂದು ಎರಡು ಜಾತಿಯ ಹೆಸರು ಕೊಟ್ಟ. ಜೆ. ಸಿ. ಎಫ್. ಫ್ರೈಯರ್ ಶ್ರೀಲಂಕಾದಲ್ಲಿ ತಲೆಮಾರುಗಟ್ಟಲೆ ಇವನ್ನು ಸಾಕಿ, ಹೆಣ್ಣುಗಳ ಬಗೆ ಮೆಂಡೆಲ್ ನಿಯಮದಂತೆ ಇಳಿದು ಬರುತ್ತದೆ ಎಂದು 1913ರಲ್ಲಿ ತೋರಿಸಿದರು. ಗಂಡುಗಳೂ ಆ ಗುಣ ಹೊತ್ತಿರುತ್ತವೆ, ಆದರೆ ತೋರಿಸುವುದಿಲ್ಲ. 2014ರಲ್ಲಿ ಬೆಂಗಳೂರಿನ ಎನ್‌ಸಿಬಿಎಸ್ ಎಂಬ ಜೀವವಿಜ್ಞಾನ ಸಂಸ್ಥೆಯ ಕೃಷ್ಣಮೇಘ ಕುಂಟೆ ಮತ್ತು ಅವರ ಜೊತೆಗಾರರು ಇದರ ಹಿಂದಿನ ಜೀನನ್ನು ಗುರುತಿಸಿದರು. ಅದರ ಹೆಸರು ಡಬಲ್‌ಸೆಕ್ಸ್. ಕೀಟಗಳಲ್ಲಿ ಗಂಡು ಮೈ, ಹೆಣ್ಣು ಮೈ ರೂಪಿಸುವ ಜೀನೇ ಅದು. ಅದರ ಒಂದು ರೂಪ ವೇಷದ ಹೆಣ್ಣನ್ನು ಕೊಡುತ್ತದೆ, ಅದು ಪ್ರಬಲ. ಇನ್ನೊಂದು ರೂಪ ಎರಡೂ ಕಡೆಯಿಂದ ಬಂದಾಗ ಮಾತ್ರ ಸೈರಸ್ ಹೆಣ್ಣು ಹುಟ್ಟುತ್ತದೆ.

ಇದರಲ್ಲಿ ಹಳೆಯದು ಯಾವುದು? ಸೈರಸ್. ಗಂಡೂ ಹೆಣ್ಣೂ ಒಂದೇ ಥರ ಇದ್ದ ಕಾಲದ ರೂಪ ಅದು. ಆಮೇಲೆ ಬದಲಾದವರು ರೋಸ್ ಚಿಟ್ಟೆಯ ಅಂಗಿ ತೊಟ್ಟ ಹೆಣ್ಣುಗಳು. ಸೈರಸ್ ಹೆಣ್ಣು ಗಂಡನ್ನು ನೋಡಿ ಏನನ್ನೂ ಕಲಿತವಳಲ್ಲ. ತನ್ನ ಜಾತಿಯ ಹಳೆಯ ಬಣ್ಣದಲ್ಲೇ ಉಳಿದವಳು. ಅವಳನ್ನು ‘ಗಂಡಿನಂಥವಳು’ ಅನ್ನುವುದು, ಊರಲ್ಲೇ ಉಳಿದ ತಂಗಿಯನ್ನು ಅಣ್ಣನ ಮನೆಗೆ ಬಂದವಳು ಅಂದ ಹಾಗೆ.

ಆ ಸಂಜೆ ನಾನು ಎರಡೂ ಚಿತ್ರಗಳನ್ನು ಪಕ್ಕಪಕ್ಕ ಇಟ್ಟುಕೊಂಡು ತುಂಬಾ ಹೊತ್ತು ಕೂತಿದ್ದೆ. ನೀಲಿ ಬಾಲದ ಸೂಜಿಚಿಟ್ಟೆ, ಕಪ್ಪು ಸೈರಸ್. ಎರಡಕ್ಕೂ ಒಂದೇ ಪದ ಒಪ್ಪುತ್ತದೆ, ಗಂಡುರೂಪದ ಹೆಣ್ಣು. ಒಬ್ಬಳು ಹೊಸ ದಾರಿ ಹಿಡಿದು ಅಲ್ಲಿಗೆ ಬಂದವಳು. ಇನ್ನೊಬ್ಬಳು ಅಲ್ಲಿಂದ ಕದಲದವಳು. ಪದಕ್ಕೆ ಈ ವ್ಯತ್ಯಾಸ ಗೊತ್ತೇ ಆಗುವುದಿಲ್ಲ. ಇಬ್ಬರೂ ಗಂಡಿನಿಂದ ಎರವಲು ತಂದವರ ಹಾಗೆ ಕೇಳಿಸುತ್ತದೆ. ನನಗೆ ಇದು ಸಣ್ಣ ವಿಷಯ ಅನಿಸುವುದಿಲ್ಲ.

ಒಂದು ಗೊಂದಲ ಇಲ್ಲೇ ಬಿಡಿಸಿಬಿಡುತ್ತೇನೆ, ಯಾಕೆಂದರೆ ಈ ಎರಡು ಪದಗಳನ್ನು ಎಷ್ಟೋ ಜನ ಬೆರೆಸುತ್ತಾರೆ. ಗೈನಾಂಡ್ರೋಮಾರ್ಫ್ ಅಂದರೆ ಒಂದೇ ಜೀವಿಯ ಮೈಯಲ್ಲಿ ಸ್ವಲ್ಪ ಭಾಗ ಗಂಡು, ಸ್ವಲ್ಪ ಭಾಗ ಹೆಣ್ಣು. ಎಡರೆಕ್ಕೆ ಗಂಡಿನದ್ದು, ಬಲರೆಕ್ಕೆ ಹೆಣ್ಣಿನದ್ದು ಇರುವ ಚಿಟ್ಟೆಯ ಫೋಟೋ ನೋಡಿರಬಹುದು. ಅದು ಬಹಳ ಅಪರೂಪ. ಹಣ್ಣಿನ ನೊಣದಲ್ಲಿ ಮೊದಮೊದಲ ಕೋಶ ವಿಭಜನೆಯಲ್ಲಿ ಒಂದು ಎಕ್ಸ್ ಕ್ರೋಮೋಸೋಮ್ ಕಳೆದುಹೋದರೆ ಹೀಗಾಗುತ್ತದೆ ಎಂದು ಮಾರ್ಗನ್ ಮತ್ತು ಬ್ರಿಡ್ಜಸ್ 1919ರಲ್ಲಿ ವಿವರಿಸಿದರು. ಆಂಡ್ರೋಮಾರ್ಫ್ ಹಾಗಲ್ಲ. ಅದು ಪೂರ್ತಿ ಹೆಣ್ಣು. ವೈದ್ಯರು ಬಳಸುವ ಆಂಡ್ರಾಯ್ಡ್ ಎಂಬ ಪದವೂ ಬೇರೆ. ಸೊಂಟದ ಮೂಳೆಯ ಆಕಾರಗಳನ್ನು 1933ರಲ್ಲಿ ಕಾಲ್ಡ್‌ವೆಲ್ ಮತ್ತು ಮೊಲೊಯ್ ವಿಂಗಡಿಸಿದಾಗ ಒಂದಕ್ಕೆ ಆಂಡ್ರಾಯ್ಡ್ ಅಂದರು. ಎಷ್ಟೋ ಹೆಂಗಸರ ಸೊಂಟ ಆ ಆಕಾರದಲ್ಲೇ ಇರುತ್ತದೆ.

ಹಕ್ಕಿಯ ಕತೆಯೊಂದು ಉಳಿದಿದೆ. ಅದೇ ನನ್ನನ್ನು ಹುಣಸೆ ಮರದ ಕಡೆಗೆ ಎಳೆದುಕೊಂಡು ಹೋದದ್ದು. ಮಧ್ಯ ಅಮೆರಿಕದ ಪನಾಮಾದಲ್ಲಿ ವೈಟ್‌ನೆಕ್ಡ್ ಜಾಕೊಬಿನ್ ಎಂಬ ಝೇಂಕಾರದ ಹಕ್ಕಿ, ಅಂದರೆ ಹಮ್ಮಿಂಗ್‌ಬರ್ಡ್, ಇದೆ. ಗಂಡಿನ ತಲೆ ಮಿರುಗುವ ನೀಲಿ, ಹೊಟ್ಟೆ ಬಿಳಿ. ಹೆಣ್ಣು ಸಾಮಾನ್ಯವಾಗಿ ಹಸಿರು, ಕತ್ತಿನಲ್ಲಿ ಚುಕ್ಕೆ. ಜೇ ಫಾಕ್ ಮತ್ತು ಜೊತೆಗಾರರು 2021ರಲ್ಲಿ ಪ್ರಕಟಿಸಿದ ಕೆಲಸದ ಪ್ರಕಾರ, ಬಲಿತ ಹೆಣ್ಣುಗಳಲ್ಲಿ ಸುಮಾರು 20 ಶೇಕಡಾ ಗಂಡಿನ ಹಾಗೇ ಮಿರುಗುತ್ತವೆ. ಮಕರಂದ ಕುಡಿಯುವ ಜಾಗದಲ್ಲಿ ಅವಕ್ಕೆ ಬೇರೆ ಹಕ್ಕಿಗಳ ಕಾಟ ಕಡಿಮೆ. ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಇನ್ನೊಂದು ಮಾತು. ಈ ಜಾತಿಯ ಎಳೆಯ ಹಕ್ಕಿಗಳೆಲ್ಲ, ಗಂಡಾಗಲಿ ಹೆಣ್ಣಾಗಲಿ, ಆ ಮಿರುಗುವ ರೂಪದಲ್ಲೇ ಇರುತ್ತವೆ. ಬೆಳೆಯುತ್ತಾ ಹೆಚ್ಚಿನ ಹೆಣ್ಣುಗಳು ಮಂಕಾಗುತ್ತವೆ. ಕೆಲವು ಹೆಣ್ಣುಗಳು ಮಂಕಾಗುವುದಿಲ್ಲ.

ಹುಣಸೆ ಮರದ ಮೇಲೆ ಅವತ್ತು ನಾವು ಒಂಬತ್ತು ಮಕ್ಕಳಿದ್ದೆವು. ಐದು ಜನ ಹುಡುಗಿಯರು. ಎಲ್ಲರಿಗೂ ಸಿಳ್ಳೆ ಬರುತ್ತಿತ್ತು. ಹನ್ನೆರಡು, ಹದಿಮೂರು ತುಂಬುವಷ್ಟರಲ್ಲಿ ಒಬ್ಬೊಬ್ಬರನ್ನೇ ಕೆಳಗಿಳಿಸಿದರು. ಮರದ ಮೇಲೆ ಉಳಿದದ್ದು ಹುಡುಗರು. ಆಮೇಲೆ ಬಂದವರಿಗೆ ಮರ ಹತ್ತುವುದು ಹುಡುಗರ ಗುಣ ಅಂತಲೇ ಕಂಡಿತು. ಹುಳದ ಕತೆಯನ್ನು ಮನುಷ್ಯರಿಗೆ ನೇರ ಅನ್ವಯಿಸಬಾರದು, ಅದು ನನಗೆ ಗೊತ್ತು. ಜೀನ್ ಬೇರೆ, ಗದರಿಕೆ ಬೇರೆ. ಆದರೂ ಗಂಡುಬೀರಿ ಎಂಬ ಪದವನ್ನು ನಾನು ಮೊದಲ ಸಲ ಹೊರಗಿನಿಂದ ನೋಡಿದ್ದು ಈ ಹಕ್ಕಿಯ ಬಗ್ಗೆ ಓದಿದಾಗಲೇ. ಅಲ್ಲಿಯವರೆಗೆ ನಾನು ಹುಡುಗರಿಂದ ಏನನ್ನೋ ಕದ್ದಿದ್ದೆ ಅಂತಲೇ ಒಳಗೊಳಗೆ ನಂಬಿದ್ದೆ.

ಕಳೆದ ತಿಂಗಳು ಅಕ್ಕನ ಮಗಳು ರಜೆಗೆ ಬಂದಿದ್ದಳು. ಅವಳನ್ನು ಕೆರೆಗೆ ಕರೆದುಕೊಂಡು ಹೋದೆ. ಹೆಣ್ಣು ಗುರುತಿಸುವುದನ್ನು ಹೇಳಿಕೊಟ್ಟೆ. ಬಣ್ಣ ನೋಡಬೇಡ, ಬಾಲದ ಕೆಳಗೆ ನೋಡು. ತುದಿ ದಪ್ಪಗಿದ್ದು ಕೆಳಗೆ ಮುಳ್ಳಿನಂಥದ್ದು ಇದ್ದರೆ ಹೆಣ್ಣು, ಅದರಿಂದಲೇ ಎಲೆ ಕೊರೆದು ಮೊಟ್ಟೆ ಇಡುವುದು. ತುದಿಯಲ್ಲಿ ಇಕ್ಕಳ ಇದ್ದು, ಬಾಲದ ಬುಡದಲ್ಲಿ ಕೆಳಗೆ ಉಬ್ಬು ಇದ್ದರೆ ಗಂಡು. ಅವಳಿಗೆ ಬೇಗ ಅಭ್ಯಾಸವಾಯಿತು.

ಆಂಡ್ರೋಮಾರ್ಫ್‌ಗೆ ಕನ್ನಡದಲ್ಲಿ ಏನನ್ನುತ್ತಾರೆ ಅಂತ ಕೇಳಿದಳು. ಗಂಡುರೂಪಿ ಅನ್ನಬಹುದು ಅಂದೆ. ಅವಳು ಸ್ವಲ್ಪ ಯೋಚಿಸಿ, ‘ಆದ್ರೆ ಅದು ಹೆಣ್ಣು ಅಲ್ವಾ? ಸುಮ್ನೆ ನೀಲಿ ಹೆಣ್ಣು ಅಂತ ಬರೀಬಹುದಲ್ಲ?’ ಅಂದಳು. ನೋಟ್‌ಬುಕ್ ಅವಳ ಕೈಗೇ ಕೊಟ್ಟೆ. ಅವಳು ಹೊಸ ಪುಟದಲ್ಲಿ ಗೆರೆ ಹಾಕಿ ನಾಲ್ಕು ಮನೆ ಮಾಡಿದಳು.

ನೀಲಿ ಗಂಡು 7. ನೀಲಿ ಹೆಣ್ಣು 2. ಕಂದು ಹೆಣ್ಣು 3. ನೋಡೋಕೆ ಮುಂಚೆ ಹಾರಿಹೋದದ್ದು 4.